ತೃಪ್ತಿಯ ಹೆಸರಿನ ಲೈಸೆನ್ಸ್

"ರೀ! ಅದಕ್ಕ ಕೈ ಹಚ್ಚಬ್ಯಾಡ್ರಿ... ಕೊರಿಯೂ ಬಿಟ್ ಇನ್ನೂ ತಿರಗಾಕತ್ತೈತಿ!"

ತೃಪ್ತಿ ಕೂಗಿದ ರಭಸಕ್ಕೆ ಅಭಿನಂದನ ಕೈ ಹಿಂದಕ್ಕೆಳೆದುಕೊಂಡ. ಗೋಕಾಕದಿಂದ ಸಾಫ್ಟ್‌ವೇರ್ ಹಾಕಿಕೊಡಲು ಬಂದವನಿಗೇ ಬೈಗುಳ! ಅವನು ನಕ್ಕುಬಿಟ್ಟ. ಅವಳ ಎದೆ ಯಾಕೋ ಢವಢವ...

ಆಗ ೨೦೦೩. ಹುಕ್ಕೇರಿಯ ಆ ಶೆಡ್ಡಿನಲ್ಲಿ ತೃಪ್ತಿಯ ಚಿಕ್ಕಪ್ಪ ಕುಂಥುನಾಥ ಕಾಕಾ ಪಂಪ್‌ಸೆಟ್ ಸ್ಟಾರ್ಟರುಗಳಿಗೆ ಸರ್ಕಿಟ್ ಬೋರ್ಡ್ ಮಾಡುತ್ತಿದ್ದರು. ಕಂಪ್ಯೂಟರ್ ಹೇಳಿದಂತೆ ಮಶೀನು ತಾಮ್ರದ ಹಾಳೆ ಕೊರೆಯುತ್ತಿತ್ತು. ನಡೆಸುವವಳು ತೃಪ್ತಿ. ಸಾಫ್ಟ್‌ವೇರಿನ ಲೈಸೆನ್ಸೂ ಅವಳ ಹೆಸರಿಗೇ; ಆ ಹೆಸರಿನವರನ್ನು ಬಿಟ್ಟು ಬೇರೆಯವರು ಅದನ್ನು ನಡೆಸುವಂತಿರಲಿಲ್ಲ.

ವರ್ಷವಿಡೀ ಅಭಿನಂದನ ಏನಾದರೊಂದು ನೆಪ ಹೂಡಿ ಬರುತ್ತಿದ್ದ. ಅವನ ಗಾಡಿಯ ಸದ್ದಿಗೆ ತೃಪ್ತಿ ಕನ್ನಡಿ ಹುಡುಕುತ್ತಿದ್ದಳು.

ಅಷ್ಟರಲ್ಲಿ ಬೆಳಗಾವಿಯ ಪಾಲಿಟೆಕ್ನಿಕ್‌ನಿಂದ ಅವಳಿಗೆ ನೌಕರಿಯ ಪತ್ರ ಬಂತು. ಸೋಮವಾರ ಹಾಜರಾಗಬೇಕು!

"ಹೆಂಗ ಹೋಗ್ತಿ ಮಗಳ?" ಕಾಕಾ ತಲೆ ಅಲ್ಲಾಡಿಸಿದರು. "ನೀ ಹೋದರ ಮಶೀನ ಬಂದ್ ಬೀಳತೈತಿ. ಅಭಿನಂದನಗ ಫೋನ್ ಮಾಡಿ ಕೇಳೇನಿ. ಲೈಸೆನ್ಸಿನ ಹೆಸರ ಬದಲಿ ಮಾಡಾಕ ಬರೂದಿಲ್ಲಂತ."

ಸಾಕಿ ಬೆಳೆಸಿದ ಕಾಕಾ... ಅವರ ಹೊಟ್ಟೆಯ ಮೇಲೆ ಹೊಡೆದು ಹೋಗುವುದು ಹೇಗೆ?

ತಗಡಿನ ಗೋಡೆಗಳು ಮೈಮೇಲೆ ಬಂದಂತಾಯಿತು. ದಿನಾ ಮುಂಜಾನೆ ಪರದೆಯ ಮೇಲೆ ಮೂಡುತ್ತಿದ್ದ ತನ್ನದೇ ಹೆಸರು, ಹೊರಗಿನಿಂದ ಜಡಿದ ಕೀಲಿಯಂತೆ ಕಂಡಿತು.

ಶನಿವಾರ ಅಭಿನಂದನ ಬಂದ. ಮುಖ ಬಾಡಿತ್ತು.

"ಸುಳ್ಳ ಹೇಳಿದ್ನಿರಿ... ಹೆಸರ ಬದಲಿ ಆಗತೈತಿ. ಕಂಪನಿಗೆ ಒಂದ ಪತ್ರ ಬರದ್ರ ಮುಗೀತು."

"ಏನಂದ್ರಿ?!"

"ನೀವು ಹೊಂಟೀರಿ ಅಂತ ಕಾಕಾ ಅಂದ್ರು. ನೀವಿಲ್ಲದ ಹುಕ್ಕೇರಿ... ನನಗ ತಡಕೊಳ್ಳಾಕ ಆಗಲಿಲ್ಲ. ಬಾಯಿಗೆ ಬಂದದ್ದ ಅಂದ್ಬಿಟ್ನಿ."

"ಇದಕ್ಕ ಪ್ರೀತಿ ಅಂತಾರೇನ್ರಿ?" ತೃಪ್ತಿಯ ಕಣ್ಣು ತುಂಬಿತು. "ಕಾಕಾಗ ಗೊತ್ತಿರಲಿಲ್ಲ. ನಿಮಗ ಗೊತ್ತಿತ್ತು!"

ಅವನು ಕಿಸೆಯಿಂದ ಒಂದು ಕಾಗದ ತೆಗೆದು ಮೇಜಿನ ಮೇಲಿಟ್ಟ. ಅವನೇ ಕಂಪನಿಗೆ ಬರೆದು ಕಾಕಾ ಹೆಸರಿಗೆ ತರಿಸಿದ ಹೊಸ ಲೈಸೆನ್ಸಿನ ನಂಬರು.

"ಕಾಕಾಗೂ ಖರೆ ಹೇಳಿ ಬಂದೇನಿ. ಮಂಗ್ಯಾ ಅಂತ ಬೈದ್ರು. ಮಶೀನ ನಡಸೂದು ಅವರಿಗೆ ನಾನ ಕಲಸ್ತೇನಿ. ನೀವು ಹೋಗ್ರಿ. ನನ್ನ ಸಲುವಾಗಿ ಉಳೀಬ್ಯಾಡ್ರಿ."

ನಂಬರನ್ನು ಅವಳೇ ಕಂಪ್ಯೂಟರಿನಲ್ಲಿ ಒತ್ತಿದಳು. ಪರದೆಯ ಮೇಲೆ ಕುಂಥುನಾಥ ಎಂದು ಮೂಡಿತು. ನೌಕರಿಯ ಪತ್ರ ಬಂದಮೇಲೆ ಮೊದಲ ಸಲ ಉಸಿರು ಎದೆಯ ತಳದವರೆಗೆ ಇಳಿಯಿತು!

"ಸಿಟ್ಟ ಹೋತೇನ್ರಿ?"

"ಇಲ್ಲ."

ಅವನು ತಲೆ ತಗ್ಗಿಸಿ ಬಾಗಿಲ ಕಡೆ ತಿರುಗಿದ.

"ನಿಲ್ರಿ... ರವಿವಾರ ನನಗ ಸೂಟಿ ಇರತೈತಿ. ಬೆಳಗಾವಿಗೆ ಬರ್ರಿ, ಪೂರ್ತಿ ಬೈತೇನಿ."

"ಒಂದ ರವಿವಾರದಾಗ ಮುಗೀತೈತೇನ್ರಿ?"

"ನೀವು ಮಾಡಿದ್ದಕ್ಕ?" ಅವಳು ನಗು ತಡೆಯಲಾರದೆ ಮುಖ ತಿರುಗಿಸಿದಳು. "ಈ ಜನ್ಮ ಸಾಲೂದಿಲ್ಲ!"