ಪುಟ್ಟಯ್ಯನ ಲಾರಿ

ಅಕ್ಟೋಬರ್ 13, ಸೋಮವಾರ. ಬೆಳಿಗ್ಗೆ 9.40ಕ್ಕೆ ಭದ್ರಾವತಿಯ ಓಲ್ಡ್ ಟೌನ್ ಠಾಣೆಗೆ ಸಿನಿಮಾ ನಿರ್ದೇಶಕಿ ಸಮತಾ ದೂರು ತಂದಳು. ಭದ್ರಾವತಿಯಿಂದ ಕುಂಸಿಯವರೆಗೆ ರಸ್ತೆಯಲ್ಲೇ ಎರಡು ವರ್ಷ ಚಿತ್ರೀಕರಿಸಿದ ಸೇಡಿನ ಕತೆ. ಅದಿದ್ದ ಹಾರ್ಡ್ ಡಿಸ್ಕ್ ಬಾಡಿಗೆ ರೂಮಿನಿಂದ ಕಾಣೆಯಾಗಿತ್ತು. ಇನ್ನೊಂದು ಪ್ರತಿ ಇರಲಿಲ್ಲ. ಇರುವ ಒಂದು ಡಿಸ್ಕನ್ನೇ ಸೆರಗಿನ ಗಂಟಿನಂತೆ ಕಾಯುವ ಬಡ ಸಿನಿಮಾ ಅದು.

ಇನ್‌ಸ್ಪೆಕ್ಟರ್ ರುದ್ರೇಶ್ ಎಫ್‌ಐಆರ್ ದಾಖಲಿಸಿ, ಕಾನ್‌ಸ್ಟೆಬಲ್ ಮೈತ್ರಿಯೊಂದಿಗೆ 10.30ಕ್ಕೆ ಸ್ಥಳ ಪಂಚನಾಮೆಗೆ ಹೋದರು. ಬೀಗ ಒಡೆದಿರಲಿಲ್ಲ. ಕೀಲಿ ಇಡುವ ಜಾಗ ತಂಡದ ಮೂವರಿಗಷ್ಟೇ ಗೊತ್ತು. ಸಮತಾ ಮತ್ತು ಕ್ಯಾಮೆರಾದ ಮುರಳಿ ಭಾನುವಾರ ಸಂಜೆಯೇ ಶಿವಮೊಗ್ಗದ ತಮ್ಮ ಮನೆಗಳಿಗೆ ಹೋಗಿದ್ದರು. ಉಳಿದವನು ಪುಟ್ಟಯ್ಯ. ಚಿತ್ರದಲ್ಲಿ ಓಡುವ ಲಾರಿ ಅವನದು, ಓಡಿಸುವವನೂ ಅವನೇ.

ಲಾರಿ ಆ ರೂಮಿನ ಮುಂದಿನ ಅಂಗಳದಲ್ಲೇ ನಿಂತಿತ್ತು. ಯಾರೂ ಕೇಳದಿದ್ದರೂ ಪುಟ್ಟಯ್ಯ, ನಿನ್ನೆಯಿಂದ ಗಾಡಿ ಕದಲಿಲ್ಲ ಎಂದ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗಾಯಿತು. ಮೈತ್ರಿ ಬಗ್ಗಿ ನೋಡಿದಳು. ಮುಂದಿನ ಚಕ್ರದ ಬಳಿ ನಿಂಬೆಹಣ್ಣು ಅಪ್ಪಚ್ಚಿಯಾಗಿತ್ತು, ಇನ್ನೂ ಹಸಿಯಾಗಿತ್ತು. ಕದ್ದ ಮಾಲು ಸಾಗಿಸುವಾಗಲೂ ಈ ಮಾರಾಯ ಚಕ್ರದಡಿ ನಿಂಬೆಹಣ್ಣು ಇಡದೆ ಗಾಡಿ ತೆಗೆದಿರಲಿಲ್ಲ.

"ಬೆಳಿಗ್ಗೆ ಎಲ್ಲಿಗೆ ಹೋಗಿದ್ರಿ?" ರುದ್ರೇಶ್ ಕೇಳಿದರು.

"ಶಿವಮೊಗ್ಗಕ್ಕೆ ಸಾರ್. ತುಂಗಾ ಸೇತುವೆ ಹತ್ರ."

"ಎಸೆದ್ರಾ?"

"ಕೈ ಬರ್ಲಿಲ್ಲ. ಅದ್ರೊಳಗೆ ನನ್ ಗಾಡಿ ಇತ್ತಲ್ಲ."

ಡಿಸ್ಕ್ ಕ್ಯಾಬಿನ್ನಿನ ದೇವರ ಫೋಟೊ ಹಿಂದೆ, ಟವೆಲಿನಲ್ಲಿ ಸುತ್ತಿಟ್ಟ ಸ್ಥಿತಿಯಲ್ಲಿ ಸಿಕ್ಕಿತು. ಪಂಚರ ಎದುರು ಜಪ್ತಿಯಾಯಿತು.

ಹೇಳಿಕೆಯಲ್ಲಿ ಉಳಿದದ್ದು ಹೊರಬಂತು. ಪುಟ್ಟಯ್ಯ ಖಾಲಿ ರಸ್ತೆಯಲ್ಲಿ ಲಾರಿ ಓಡಿಸಿದ್ದ. ಮನುಷ್ಯ ಬೀಳುವುದನ್ನು ಸಮತಾ ಬೇರೆ ದಿನ ಚಿತ್ರೀಕರಿಸಿದ್ದಳು. ಭಾನುವಾರ ಎರಡನ್ನೂ ಜೋಡಿಸಿ ತೋರಿಸಿದಾಗ, ಚಿತ್ರದ ಕೊನೆಯಲ್ಲಿ ಅವನ ಲಾರಿಯೇ, ನಂಬರ್ ಸಮೇತ, ಒಬ್ಬನ ಮೇಲೆ ಹತ್ತಿ ಹೋಗಿತ್ತು.

"ಮೂವತ್ತೊಂದು ವರ್ಷ ಸಾರ್. ಒಂದು ನಾಯಿ ಮೇಲೂ ಹತ್ತಿಲ್ಲ ನನ್ ಗಾಡಿ."

ತಾನು ಮೊದಲೇ ಕೇಳಬೇಕಿತ್ತು ಎಂದು ಸಮತಾ ತಲೆ ತಗ್ಗಿಸಿದಳು. ಆ ಕೊನೆಯನ್ನು ಹಾಗೆ ಇಡುವುದಿಲ್ಲ ಎಂದಳು. ಆದರೂ ಕಾನೂನು ಕಾನೂನೇ. ಸಂಜೆ 4.15ಕ್ಕೆ ಪುಟ್ಟಯ್ಯನ ಬಂಧನ ದಾಖಲಾಯಿತು.

ಅಷ್ಟರಲ್ಲಿ ರುದ್ರೇಶ್ ಅಪಘಾತದ ದಾಖಲೆಗಳನ್ನೆಲ್ಲ ತರಿಸಿ ನೋಡಿದ್ದರು. ಬಂಧನದ ದಾಖಲೆಯ ಕೊನೆಯಲ್ಲಿ ಒಂದು ಸಾಲು ಸೇರಿಸಿ ಓದಿದರು: "ಆರೋಪಿಯ ವಾಹನದ ಮೇಲೆ ಈವರೆಗೆ ಒಂದೂ ಅಪಘಾತ ಪ್ರಕರಣವಿಲ್ಲ."

ಪುಟ್ಟಯ್ಯ ನೆಟ್ಟಗೆ ಕೂತ. ಇನ್ನೊಂದು ಸಲ ಓದಿಸಿ ಕೇಳಿ, ಆಮೇಲೆ ಸಹಿ ಹಾಕಿದ.