ಅಜ್ಜಿಯ ಎಲೆಗೆ ಪಾಪ್‌ಕಾರ್ನ್

ಆಟಿ ತಿಂಗಳಲ್ಲಿ ತೀರಿಹೋದವರಿಗೆ ಇಷ್ಟದ ಅಡುಗೆಯನ್ನು ಎಲೆಯಲ್ಲಿ ಬಡಿಸಿ, ಕೋಣೆಯ ಬಾಗಿಲು ಮುಚ್ಚಿ ಹೊರಗೆ ಕಾಯುವುದು ನಮ್ಮ ಕ್ರಮ. ದೇಯಿ ಅಜ್ಜಿಗೆ ಇದು ಮೊದಲ ಎಲೆ. ಕೋಳಿ ಸಾರಿನ ಪಕ್ಕ ನಾನು ಮೈಕ್ರೋವೇವ್‌ನಲ್ಲಿ ಮಾಡಿದ ಪಾಪ್‌ಕಾರ್ನ್ ಸುರಿದೆ.

"ಹಲ್ಲಿಲ್ಲದವರಿಗೆ ಇದೆಂತ ಮಾರಾಯ್ತಿ? ಅಜ್ಜಿ ಎಲೆ ಮುಟ್ಟದೆ ಹೋದ್ರೆ?" ಅಮ್ಮನಿಗೆ ಅದೇ ಹೆದರಿಕೆ.

"ಟಿವಿ ನೋಡ್ತಾ ಬಾಯಲ್ಲೇ ಕರಗಿಸಿ ತಿಂತಿದ್ರಲ್ಲ! ಬರ್ತಾರೆ, ನೋಡು."

ಬಾಗಿಲು ಮುಚ್ಚಿದೆವು. ಸ್ವಲ್ಪ ಹೊತ್ತಿಗೆ ಒಳಗೆ ಜೋಳ ಅರಳುವ ಪಟಪಟ ಸದ್ದು ಕೇಳಿತು. ಮೈಕ್ರೋವೇವ್ ಅಡುಗೆಮನೆಯಲ್ಲಿ ಆಫ್ ಆಗಿತ್ತು. ಬಾಗಿಲ ಸಂದಿಯಿಂದ ಬಿಸಿ ಗಾಳಿ ಬಂದು ಪಾದಕ್ಕೆ ತಾಗಿತು. ಅಮ್ಮ ನನ್ನ ಕೈ ಹಿಡಿದು ಸಣ್ಣ ಹುಡುಗಿಯಂತೆ ನಕ್ಕಳು.

ತೆರೆದಾಗ ಕೋಳಿ ಹಾಗೆಯೇ ಇತ್ತು, ಪಾಪ್‌ಕಾರ್ನ್ ಖಾಲಿ. ಅರಳದ ಗಟ್ಟಿ ಕಾಳುಗಳನ್ನು ಮಾತ್ರ ಎಲೆಯ ಅಂಚಿಗೆ ಸರಿಸಿಡಲಾಗಿತ್ತು. ಅವು ಒದ್ದೆಯಾಗಿದ್ದವು.