ಕೊಳವೆಯಿಲ್ಲದ ಒಲೆ

ಎರಡನೇ ಮಹಾಯುದ್ಧದಲ್ಲಿ ಜರ್ಮನ್ ಸೇನೆ ಲೆನಿನ್‌ಗ್ರಾಡಿಗೆ ಹಾಕಿದ ಮುತ್ತಿಗೆಯ ಹಸಿವು, ಚಳಿಯಲ್ಲಿ ನಮ್ಮ ಕಟ್ಟಡದವರು ಹೇಗೆ ಬದುಕಿದರು, ಹೇಗೆ ಸತ್ತರು ಎಂದು ನಾನು ಪುಸ್ತಕ ಬರೆಯುತ್ತಿದ್ದೆ. ನನ್ನ ಕೋಣೆಯ ಕಬ್ಬಿಣದ ಒಲೆಯ ಹೊಗೆಕೊಳವೆ ಕಿತ್ತು ಎಷ್ಟೋ ವರ್ಷಗಳಾಗಿದ್ದವು. ಆದರೂ ದಿನಾ ಬೆಳಿಗ್ಗೆ ಅದು ಬೆಚ್ಚಗಿರುತ್ತಿತ್ತು. ಕಪಾಟಿನಲ್ಲಿ ಯುದ್ಧಚರಿತ್ರೆಯ ಒಂದು ಪುಸ್ತಕ ಕಡಿಮೆಯಾಗಿರುತ್ತಿತ್ತು.

ಮುತ್ತಿಗೆ ಕಂಡಿದ್ದ ಪಕ್ಕದ ಮನೆಯ ಫೈನಾ ಅಜ್ಜಿ ಇದನ್ನು ಕೇಳಿ ನಕ್ಕರು. "ನಾವೂ ಪುಸ್ತಕ ಸುಟ್ಟೇ ಚಳಿ ಕಾಯಿಸ್ಕೊಂಡಿದ್ದು ಕಣೇ. ಸೇನಾಪತಿಗಳದ್ದು ಮೊದಲು, ದಪ್ಪ ಇರ್ತಿತ್ತಲ್ಲ! ನೀನು ಬರೀತಿರೋದನ್ನೂ ಆ ಒಲೆ ಬಿಡಲ್ಲ ನೋಡು."

"ಸುಡ್ಲಿ ಅಜ್ಜಿ, ಮತ್ತೆ ಬರೀತೀನಿ."

ಬರೆದು ಮುಗಿಸಿದ ದಿನ ಹಸ್ತಪ್ರತಿಯನ್ನು ಬೇಕೆಂದೇ ಒಲೆಯ ಮೇಲಿಟ್ಟು ಮಲಗಿದೆ. ಬೆಳಿಗ್ಗೆ ಒಲೆ ತಣ್ಣಗೆ ಕೊರೆಯುತ್ತಿತ್ತು. ಒಂದು ಹಾಳೆಯೂ ಹೋಗಿರಲಿಲ್ಲ. ಹಸ್ತಪ್ರತಿಯ ಮೇಲೆ ಮರದ ಹೊಟ್ಟು ಬೆರೆತ, ಹಸಿಹಸಿಯಾದ ಒಂದು ತುಂಡು ಕಪ್ಪು ಬ್ರೆಡ್ ಇತ್ತು.

ಅಜ್ಜಿ ಅದನ್ನು ಮೂಸಿ ನೋಡಿದರು. ಈ ಸಲ ನಗಲಿಲ್ಲ.

"ಮುತ್ತಿಗೇಲಿ ಒಬ್ಬರಿಗೆ ಇಡೀ ದಿನಕ್ಕೆ ಇಷ್ಟೇ ಕೊಡ್ತಿದ್ದಿದ್ದು ಕಣೇ."